ಚಕ್ಕುಬಂದಿಯಲ್ಲಿ ಅಡಗಿದ್ದ ಹಾಸ್ಟೆಲ್

ಪತ್ರಿಕೆಯ ಒಳಪುಟದ ಮೂಲೆಯಲ್ಲಿ ಒಂದು ಸಾರ್ವಜನಿಕ ಪ್ರಕಟಣೆ ಬಂದಿತ್ತು. ಮೇಲೆ ದಾವೆಯ ಸಂಖ್ಯೆ, ಕೆಳಗೆ ಸರ್ವೆ ನಂಬರು, ಅದರ ಕೆಳಗೆ ಚಕ್ಕುಬಂದಿ: ಪೂರ್ವಕ್ಕೆ ನಗರಸಭೆ ರಸ್ತೆ, ಪಶ್ಚಿಮಕ್ಕೆ ಖಾಸಗಿ ಸ್ವತ್ತು, ಉತ್ತರಕ್ಕೆ ಎಣ್ಣೆ ಗಾಣದ ಓಣಿ, ದಕ್ಷಿಣಕ್ಕೆ ಚರಂಡಿ. ಉಭಯ ಪಕ್ಷಗಾರರು ರಾಜಿ ಅರ್ಜಿ ಸಲ್ಲಿಸಿದ್ದು, ಹಿತಾಸಕ್ತಿಯುಳ್ಳವರು ಇಂಥ ದಿನ ಹಾಜರಾಗಿ ತಕರಾರು ಸಲ್ಲಿಸಬಹುದು ಎಂದಿತ್ತು. ನಾನು ಊಟ ಮಾಡಿ, ಮಲಗಿ, ಓದಿ ದೊಡ್ಡವನಾದ ವಿದ್ಯಾರ್ಥಿನಿಲಯದ ಹೆಸರು ಅದರಲ್ಲಿ ಎಲ್ಲಿಯೂ ಇರಲಿಲ್ಲ. ಆ ಪತ್ರಿಕೆಯನ್ನು ನಮ್ಮ ಕಡೆ ತರಿಸುವವರೂ ಅಪರೂಪ. ಉಪನೋಂದಣಾಧಿಕಾರಿ ಕಚೇರಿಯ ಎದುರು ಪತ್ರ ಬರಹಗಾರನಾಗಿರುವ ಹಾಸ್ಟೆಲಿನ ಹಳೆಯ ಗೆಳೆಯನಿಗೆ ದಿನವಿಡೀ ಚಕ್ಕುಬಂದಿ ಬರೆಯುವುದೇ ಕೆಲಸ. ಎಣ್ಣೆ ಗಾಣದ ಓಣಿ ಎಂದು ಓದಿದ ಕೂಡಲೇ ಅವನಿಗೆ ಜಾಗ ಗೊತ್ತಾಗಿಬಿಟ್ಟಿತ್ತು. 'ಮೇಷ್ಟ್ರೇ, ಹಾಸ್ಟೆಲ್ ಮಾರುತ್ತಿದ್ದಾರೆ' ಎಂದು ಫೋನು ಮಾಡಿದ.

ಬೆಲ್ಲದ ಮಂಡಿಯ ಸಾಹುಕಾರರೊಬ್ಬರು ಮಕ್ಕಳಿಲ್ಲದ ತಮ್ಮ ಆಸ್ತಿಯನ್ನು ದತ್ತಿ ಬಿಟ್ಟು ಕಟ್ಟಿಸಿದ ಹಾಸ್ಟೆಲ್ ಅದು. ಹಳ್ಳಿಯಿಂದ ಓದಲು ಬರುವ ಬಡ ಹುಡುಗರಿಗೆ ಜಾತಿ ನೋಡದೆ ಅನ್ನ ಹಾಕಬೇಕು, ಇರಲು ಜಾಗ ಕೊಡಬೇಕು ಎಂದು ಟ್ರಸ್ಟ್ ಪತ್ರದಲ್ಲಿ ಬರೆಸಿದ್ದರು. ಬೆಂಗಳೂರಿನ ರೈಲು ನಿಲ್ದಾಣದ ಬಳಿಯ ಗುಬ್ಬಿ ತೋಟದಪ್ಪನವರ ಛತ್ರವನ್ನು ಕಂಡವರಿಗೆ ಇಂಥ ದಾನದ ಅರ್ಥ ವಿವರಿಸಬೇಕಾಗಿಲ್ಲ. ಸಾಹುಕಾರರು ಹೋದ ಮೇಲೆ ಧರ್ಮದರ್ಶಿಗಳು ಬದಲಾದರು. ಬಾಡಿಗೆ ಅಂಗಡಿಗಳ ಲೆಕ್ಕ ಸರಿಯಿಲ್ಲವೆಂದು ಊರಿನ ಇಬ್ಬರು ಹಿರಿಯರು ಜಿಲ್ಲಾ ನ್ಯಾಯಾಲಯದಲ್ಲಿ ದಾವೆ ಹೂಡಿದ್ದರು. ಈಗ ಅದೇ ಹಿರಿಯರೂ ಧರ್ಮದರ್ಶಿಗಳೂ ಒಂದಾಗಿ, ಜಾಗದ ಒಂದು ಭಾಗವನ್ನು ಮಾರಿ ದಾವೆ ಮುಗಿಸಿಕೊಳ್ಳಲು ಒಪ್ಪಿದ್ದರು. ಖರೀದಿದಾರನೂ ಗೊತ್ತಾಗಿದ್ದ.

ನಾವು ಕಂಡ ವಕೀಲೆ ಹಿರಿಯರು, ಮಾತು ಕಡಿಮೆ. ನಮ್ಮ ಸಿಟ್ಟನ್ನೆಲ್ಲ ಕೇಳಿಸಿಕೊಂಡು, ಸಿವಿಲ್ ಪ್ರಕ್ರಿಯಾ ಸಂಹಿತೆಯನ್ನು ತೆಗೆದು ಎದುರಿಗಿಟ್ಟರು. ಸಾರ್ವಜನಿಕ ದತ್ತಿಯ ಬಗ್ಗೆ ಕಲಂ 92ರ ದಾವೆಯನ್ನು ಅಡ್ವೊಕೇಟ್ ಜನರಲ್ ಹೂಡಬಹುದು, ಇಲ್ಲವೇ ಹಿತಾಸಕ್ತಿಯುಳ್ಳ ಇಬ್ಬರು ಅಥವಾ ಹೆಚ್ಚು ಜನ ನ್ಯಾಯಾಲಯದ ಅನುಮತಿ ಪಡೆದು ಹೂಡಬಹುದು. ಹಾಗೆ ಹೂಡಿದವರು ಸಾರ್ವಜನಿಕರ ಪರವಾಗಿ ನಿಂತವರೇ ಹೊರತು ಸ್ವಂತಕ್ಕೆ ನಿಂತವರಲ್ಲ. ಸುಪ್ರೀಂ ಕೋರ್ಟ್ 1974ರಲ್ಲೇ ಸ್ವಾಮಿ ಪರಮಾತ್ಮಾನಂದ ಸರಸ್ವತಿ ಪ್ರಕರಣದಲ್ಲಿ ಇದನ್ನು ಸ್ಪಷ್ಟವಾಗಿ ಹೇಳಿದೆ. ಆದ್ದರಿಂದ ಗಡಿ ಜಗಳದಲ್ಲಿ ಅಣ್ಣ ತಮ್ಮ ರಾಜಿಯಾಗುವಂತೆ ಇಲ್ಲಿ ಆಗುವಂತಿಲ್ಲ. 1976ರ ತಿದ್ದುಪಡಿಯಲ್ಲಿ ಸೇರಿದ ಆದೇಶ 23, ನಿಯಮ 3ಬಿ ಪ್ರಕಾರ ಇಂಥ ದಾವೆಯ ರಾಜಿಗೆ ನ್ಯಾಯಾಲಯದ ಅನುಮತಿ ಬೇಕೇ ಬೇಕು. ಅನುಮತಿ ಕೊಡುವ ಮೊದಲು ದಾವೆಯಲ್ಲಿ ಹಿತವುಳ್ಳವರೆಂದು ಕಂಡವರಿಗೆ ನೋಟಿಸು ಹೋಗಬೇಕು. ಅನುಮತಿಯಿಲ್ಲದೆ ಮಾಡಿಕೊಂಡ ರಾಜಿ ಅನೂರ್ಜಿತ.

'ನೋಟಿಸು ಕೊಟ್ಟಿದ್ದಾರಲ್ಲ ಮೇಡಂ' ಎಂದ ನನ್ನ ಗೆಳೆಯ.

'ಕೊಟ್ಟಿದ್ದಾರೆ. ಯಾರಿಗೆ ತಲುಪಿದೆ ಎಂಬುದನ್ನು ಕೇಳೋಣ' ಎಂದರು.

ವಾಯಿದೆಯ ದಿನ ನ್ಯಾಯಾಲಯದ ಸಭಾಂಗಣ ತುಂಬಿತ್ತು. ಹಾಸ್ಟೆಲಿನ ಈಗಿನ ಹುಡುಗನೊಬ್ಬನ ತಾಯಿ ನಮ್ಮ ಜೊತೆ ಬಂದಿದ್ದರು. ಒಂದು ದಿನದ ಕೂಲಿ ಬಿಟ್ಟು ಬಂದಿದ್ದ ಅವರು ಬೆಂಚಿನ ತುದಿಯಲ್ಲಿ ಸೆರಗು ಬಿಗಿ ಹಿಡಿದು ಕುಳಿತಿದ್ದರು. ಮಧ್ಯಾಹ್ನದ ಹೊತ್ತಿಗೆ ನಮ್ಮ ದಾವೆಯನ್ನು ಕೂಗಿದರು. ಧರ್ಮದರ್ಶಿಗಳ ವಕೀಲರು ಎದ್ದು, ನಾವು ಹೊರಗಿನವರೆಂದೂ, ದಾವೆಯಲ್ಲಿ ಪಕ್ಷಗಾರರೇ ಅಲ್ಲವೆಂದೂ, ಪ್ರಕಟಣೆ ಕಾನೂನುಬದ್ಧವಾಗಿಯೇ ಆಗಿದೆಯೆಂದೂ ವಾದಿಸಿದರು. ಕೋರ್ಟಿನ ಮಾತು ಗೊತ್ತಿಲ್ಲದವರಿಗೆ ಅದು ಪೂರ್ತಿ ಸರಿಯೆನ್ನಿಸುವಂತಿತ್ತು.

ನಮ್ಮ ವಕೀಲರು ಪ್ರಕಟಣೆಯ ತುಣುಕನ್ನು ಮುಂದಿಟ್ಟರು. ನ್ಯಾಯಾಧೀಶರು ಕನ್ನಡಕ ಸರಿಮಾಡಿಕೊಂಡು ಚಕ್ಕುಬಂದಿಯನ್ನು ನಿಧಾನವಾಗಿ, ಎಲ್ಲರಿಗೂ ಕೇಳುವಂತೆ ಓದಿದರು. ಮುಗಿಸಿ, 'ಇದರಲ್ಲಿ ಹಾಸ್ಟೆಲ್ ಎಲ್ಲಿದೆ?' ಎಂದು ಕೇಳಿದರು. ಆ ಕಡೆಯವರು ಸರ್ವೆ ನಂಬರು ತೋರಿಸಿದರು. 'ಸರ್ವೆ ನಂಬರು ಭೂಮಾಪಕರಿಗೆ ತಿಳಿಯುತ್ತದೆ. ಊಟ ಮಾಡುವ ಹುಡುಗನಿಗೆ ತಿಳಿಯುತ್ತದೆಯೇ?' ಎಂದರು. ಆಮೇಲೆ ಬೆಂಚಿನ ಕಡೆ ನೋಡಿ, ಆ ತಾಯಿಯನ್ನು ಎದ್ದು ನಿಲ್ಲಲು ಹೇಳಿ, 'ಏನಮ್ಮಾ, ನಿಮಗೆ ಇದು ಗೊತ್ತಿತ್ತೇ?' ಎಂದರು. 'ಇಲ್ಲ ಸ್ವಾಮಿ. ಮಗನಿಗೂ ಯಾರೂ ಹೇಳಿಲ್ಲ' ಎಂದರು ಅವರು. ಅಷ್ಟೇ ಮಾತು. ಅದನ್ನೂ ದಾಖಲಿಸಿಕೊಳ್ಳುವಂತೆ ನ್ಯಾಯಾಧೀಶರು ಹೇಳಿದಾಗ ನನ್ನ ಕಣ್ಣು ತುಂಬಿ ಬಂತು. ಸಾಹುಕಾರರು ಯಾರಿಗಾಗಿ ಆಸ್ತಿ ಬಿಟ್ಟರೋ ಅವರ ಮಾತು ಆ ಕಡತದೊಳಗೆ ಹೋಗುತ್ತಿದ್ದುದು ಅದೇ ಮೊದಲು.

ರಾಜಿ ಅರ್ಜಿಯನ್ನು ಅಂದೇ ವಜಾ ಮಾಡಬೇಕೆಂದು ನಮ್ಮವರಲ್ಲಿ ಕೆಲವರ ಆಸೆ. ನಮ್ಮ ತಕರಾರಿಗೆ ಉತ್ತರ ಕೊಡಲು ಧರ್ಮದರ್ಶಿಗಳು ಸಮಯ ಕೇಳಿದರು, ನ್ಯಾಯಾಧೀಶರು ಕೊಟ್ಟರು. ಹೊರಗೆ ಬೇವಿನ ಮರದ ಕೆಳಗೆ ನನ್ನ ಗೆಳೆಯ ಗೊಣಗಿದ. ವಕೀಲರು ಅವನಿಗೆ ಹೇಳಿದ್ದು ನನಗೂ ಬೇಕಾಗಿದ್ದ ಮಾತು: 'ಅವರ ಮಾತು ಕೇಳದೆ ಆದೇಶವಾದರೆ ಹೈಕೋರ್ಟಿನಲ್ಲಿ ಅದೊಂದೇ ಕಾರಣಕ್ಕೆ ಬಿದ್ದುಹೋಗುತ್ತದೆ. ನಿಮಗೆ ಸಿಕ್ಕಿದ್ದು ಅವರಿಗೂ ಸಿಗಲಿ.' ಧರ್ಮದರ್ಶಿಗಳೆಲ್ಲ ಕೆಟ್ಟವರೆಂದು ನಾನೂ ಹೇಳುವುದಿಲ್ಲ. ಸೋರುವ ಮಾಳಿಗೆ, ಏರಿದ ಅಕ್ಕಿ ಬೆಲೆ, ದಶಕಗಳಿಂದ ಏರದ ಬಾಡಿಗೆ, ಇವು ಅವರ ನಿಜವಾದ ಕಷ್ಟಗಳು. ದತ್ತಿ ಜಮೀನನ್ನು ಮಾರಲೇಬಾರದು ಎಂದು ಕಾನೂನೂ ಹೇಳುವುದಿಲ್ಲ. ಮಾರಲು ಅನುಮತಿ ಕೊಡುವ ಅಧಿಕಾರ ಕಲಂ 92ರಲ್ಲೇ ಇದೆ. ಆದರೆ ಬಾಗಿಲು ಮುಚ್ಚಿಕೊಂಡು, ಒಬ್ಬನೇ ಖರೀದಿದಾರನೊಡನೆ ದರ ಕುದುರಿಸಿ ಮಾರುವುದು ಬೇರೆ. ಆಂಧ್ರಪ್ರದೇಶದ ಚೆಂಚು ರಾಮಿ ರೆಡ್ಡಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 1986ರಲ್ಲಿ ಇಂಥ ಖಾಸಗಿ ಮಾರಾಟವನ್ನು ಒಪ್ಪದೆ, ದತ್ತಿಯ ಆಸ್ತಿಯನ್ನು ಸಾಮಾನ್ಯವಾಗಿ ಬಹಿರಂಗ ಹರಾಜಿನಲ್ಲೇ ಮಾರಬೇಕೆಂದು ಹೇಳಿತು. ಕೋಟಿ ಬೆಲೆಯ ಜಾಗ ಲಕ್ಷಕ್ಕೆ ಹೋಗುವುದು ಹೇಗೆಂದು ನಮ್ಮ ಪತ್ರ ಬರಹಗಾರನಿಗೆ ಚೆನ್ನಾಗಿ ಗೊತ್ತು.

ಅಂದಿನ ಆದೇಶದಲ್ಲಿ ನ್ಯಾಯಾಧೀಶರು ಹೊಸ ಪ್ರಕಟಣೆಗೆ ಸೂಚಿಸಿದರು. ಅದರಲ್ಲಿ ವಿದ್ಯಾರ್ಥಿನಿಲಯದ ಹೆಸರು ಇರಬೇಕು, ಮಾರಾಟಕ್ಕಿಟ್ಟ ಭಾಗ ಯಾವುದೆಂದು ತಿಳಿಯುವಂತಿರಬೇಕು, ಜಿಲ್ಲೆಯಲ್ಲಿ ಹೆಚ್ಚು ಜನ ಓದುವ ಕನ್ನಡ ಪತ್ರಿಕೆಯಲ್ಲಿ ಬರಬೇಕು, ಹಾಸ್ಟೆಲಿನ ಊಟದ ಮನೆಯ ಬಾಗಿಲಿಗೂ ಅಂಟಿಸಬೇಕು. ನಮ್ಮನ್ನು ಪಕ್ಷಗಾರರನ್ನಾಗಿ ಸೇರಿಸಿಕೊಳ್ಳುವ ಅರ್ಜಿಗೆ ಆ ಕಡೆಯವರ ತಕರಾರು ಬಂದ ಮೇಲೆ ವಿಚಾರಣೆ. ಅಲ್ಲಿಯ ತನಕ ಯಾವ ಕರಾರೂ ಆಗಕೂಡದು.

ಹೊಸ ಪ್ರಕಟಣೆ ಬಂದ ಮೇಲೆ, ಎಲ್ಲೆಲ್ಲೋ ನೌಕರಿಯಲ್ಲಿರುವ ಹಳೆಯ ವಿದ್ಯಾರ್ಥಿಗಳು ಒಬ್ಬೊಬ್ಬರಾಗಿ ಪ್ರಮಾಣಪತ್ರ ಸಲ್ಲಿಸುತ್ತಿದ್ದಾರೆ. ಮಾಳಿಗೆ ರಿಪೇರಿಗೆ ಹಣ ಕೂಡಿಸುತ್ತೇವೆ, ಮಾರುವ ಅಗತ್ಯವಿಲ್ಲ ಎಂದು ಕೆಲವರು ಬರೆದಿದ್ದಾರೆ. ಮಾರಲಿ, ಆದರೆ ಹರಾಜಿನಲ್ಲಿ ಮಾರಲಿ, ಬಂದ ಹಣ ಹಾಸ್ಟೆಲಿನ ಠೇವಣಿಗೇ ಹೋಗಲಿ ಎಂದೂ ಒಬ್ಬರು ಬರೆದಿದ್ದಾರೆ. ಧರ್ಮದರ್ಶಿಗಳು ಅಂಗಡಿ ಬಾಡಿಗೆಯ ಲೆಕ್ಕ ಸಲ್ಲಿಸಲು ಇನ್ನಷ್ಟು ಸಮಯ ಪಡೆದಿದ್ದಾರೆ. ಅದರ ಪ್ರತಿಯನ್ನು ನಮಗೂ ಕೊಡಬೇಕೆಂದು ಆದೇಶವಾಗಿದೆ.