ಮಳೆ ರಾತ್ರಿಯ ಬೋಬೋ

ಪಕ್ಕದ ಮನೆಯ ಅಜ್ಜ ಸಂಜೆಯಾದರೆ ರೇಡಿಯೊ ಹಚ್ಚಿಕೊಂಡು ಜಗಲಿಯಲ್ಲಿ ಕೂರುತ್ತಾರೆ. ಟಿವಿ ಇದ್ದರೂ ಅವರಿಗೆ ಬೇಸ್‌ಬಾಲ್ ಕಾಮೆಂಟರಿಯೇ ಬೇಕು. ಟ್ರಾನ್ಸಿಸ್ಟರನ್ನು ಕಿವಿಗೆ ಒತ್ತಿಕೊಂಡು ಕೂರುತ್ತಿದ್ದ ನನ್ನ ಅಪ್ಪ ನೆನಪಾಗುತ್ತಾರೆ. ಅಮೆರಿಕದ ಸೇಂಟ್ ಲೂಯಿಸ್‌ಗೆ ಬಂದ ಮೊದಲ ಬೇಸಿಗೆಯಲ್ಲೇ ನಾನೂ ಅಲ್ಲಿ ಹೋಗಿ ಕೂರಲು ಶುರು ಮಾಡಿದೆ. ಬೋಬೋ ಹಾಲೊಮನ್ ಎಂಬ ಹೆಸರು ಕೇಳಿದ್ದು ಆ ಜಗಲಿಯಲ್ಲೇ.

ಈ ಊರಿನಲ್ಲಿ ಎಲ್ಲಿ ನೋಡಿದರೂ ಕಾರ್ಡಿನಲ್ಸ್ ತಂಡದ ಕೆಂಪು ಟೋಪಿ. ಆದರೆ 1953ರವರೆಗೆ ಇಲ್ಲಿ ಬ್ರೌನ್ಸ್ ಅಂತ ಇನ್ನೊಂದು ತಂಡವೂ ಇತ್ತು. ಸೋಲುವುದಕ್ಕೇ ಹೆಸರಾಗಿದ್ದ ತಂಡ. ಜನ ಬರುತ್ತಿರಲಿಲ್ಲ, ದುಡ್ಡೂ ಇರಲಿಲ್ಲ. ಆ ತಂಡಕ್ಕೆ ಬಂದ ಪಿಚರ್ ಈ ಬೋಬೋ. ಪಿಚರ್ ಅಂದರೆ ನಮ್ಮ ಬೌಲರ್ ಇದ್ದಂತೆ. ಹುಟ್ಟಿದ್ದು 1923ರಲ್ಲಿ, ಜಾರ್ಜಿಯಾದ ಥಾಮಸ್ಟನ್‌ನಲ್ಲಿ. ವರ್ಷಗಟ್ಟಲೆ ಕಿರಿಯ ಲೀಗ್‌ಗಳಲ್ಲಿ ಆಡಿ, ಬೇಸ್‌ಬಾಲ್‌ನ ಅತಿ ಮೇಲಿನ ಹಂತವಾದ ಮೇಜರ್ ಲೀಗ್ ಮೆಟ್ಟಿಲು ಹತ್ತುವ ಹೊತ್ತಿಗೆ ವಯಸ್ಸು ಮೂವತ್ತು.

ಮೊದಲ ನಾಲ್ಕು ಪಂದ್ಯಗಳಲ್ಲಿ ಅವರನ್ನು ಮಧ್ಯದಲ್ಲಿ ಇಳಿಸಿದರು. ಬೋಬೋಗೆ ಅದು ಸಾಲಲಿಲ್ಲ. ಮೊದಲಿನಿಂದ ಎಸೆಯಲು ಬಿಡಿ ಅಂತ ಮ್ಯಾನೇಜರ್ ಮಾರ್ಟಿ ಮೇರಿಯನ್ ಬೆನ್ನು ಬಿದ್ದರು. ಕೊನೆಗೂ 1953ರ ಮೇ 6ರ ರಾತ್ರಿ, ಫಿಲಡೆಲ್ಫಿಯಾ ಅಥ್ಲೆಟಿಕ್ಸ್ ವಿರುದ್ಧ, ಚೆಂಡು ಕೈಗೆ ಬಂತು.

ಅವತ್ತು ಮಳೆ. ನೋಡಲು ಬಂದವರು ಬರೀ 2,473 ಜನ. ಇಂಥ ಹವೆಯಲ್ಲೂ ಬಂದಿದ್ದೀರಿ, ಇದೇ ಟಿಕೆಟ್‌ನಲ್ಲಿ ಇನ್ನೊಂದು ಪಂದ್ಯಕ್ಕೂ ಬನ್ನಿ ಅಂತ ಮಾಲೀಕ ಬಿಲ್ ವೀಕ್ ಮೈಕಿನಲ್ಲಿ ಹೇಳಿಸಿದರು. ಅವರಿಗೆ ಆಗಲೇ ಸಿಗುತ್ತಿದ್ದ ಆಟ ಎಂಥದ್ದು ಅಂತ ಯಾರಿಗೂ ಗೊತ್ತಿರಲಿಲ್ಲ.

ಬೇಸ್‌ಬಾಲ್‌ನಲ್ಲಿ ಒಂಬತ್ತು ಇನ್ನಿಂಗ್ಸ್, ಎದುರಾಳಿಯ 27 ಔಟ್. ಚೆಂಡು ಹೊಡೆದವನು ಔಟಾಗದೆ, ಫೀಲ್ಡರ್ ತಪ್ಪೂ ಇಲ್ಲದೆ, ಓಡಿ ಬೇಸ್ ಎಂಬ ನಿಲ್ದಾಣ ಮುಟ್ಟಿದರೆ ಅದು ಹಿಟ್. ಅಷ್ಟೂ ಹೊತ್ತು ಒಂದೇ ಒಂದು ಹಿಟ್ ಕೊಡದಿದ್ದರೆ ಅದು ನೋ-ಹಿಟರ್. ಬೋಬೋ ಎಸೆತಕ್ಕೆ ಜೋರಾದ ಹೊಡೆತಗಳು ಬಿದ್ದವು, ಆದರೆ ಚೆಂಡು ಫೀಲ್ಡರ್ ಕೈ ಸೇರುತ್ತಿತ್ತು. ಐದನೇ ಇನ್ನಿಂಗ್ಸ್‌ನಲ್ಲಿ ತನ್ನ ಕಡೆಗೇ ಬಂದ ಚೆಂಡನ್ನು ಅವರೇ ಸರಿಯಾಗಿ ಹಿಡಿಯಲಿಲ್ಲ. ಅದನ್ನು ಹಿಟ್ ಅನ್ನದೆ ತಪ್ಪು ಅಂತ ಬರೆದುಕೊಂಡರು. ಒಂಬತ್ತನೆಯದರಲ್ಲಿ ಕೈ ಸೋತಿರಬೇಕು. ಮೊದಲ ಇಬ್ಬರಿಗೂ ವಾಕ್, ಅಂದರೆ ನಾಲ್ಕು ಕೆಟ್ಟ ಎಸೆತ ಹಾಕಿ ಪುಕ್ಕಟೆಯಾಗಿ ಬೇಸ್ ಬಿಟ್ಟುಕೊಟ್ಟ ಹಾಗೆ. ಮುಂದಿನವನ ಹೊಡೆತಕ್ಕೆ ಡಬಲ್ ಪ್ಲೇ, ಒಂದೇ ಸಲ ಇಬ್ಬರು ಔಟ್. ಆಮೇಲೆ ಮತ್ತೊಂದು ವಾಕ್! ಇಲ್ಲಿಗೆ ಬಂದಾಗ ಅಜ್ಜ ಪ್ರತಿ ಸಲವೂ ಒಂದು ಕ್ಷಣ ಮಾತು ನಿಲ್ಲಿಸುತ್ತಾರೆ. ಕೊನೆಗೆ ಎಡ್ಡಿ ರಾಬಿನ್ಸನ್ ಹೊಡೆದ ಚೆಂಡು ಮೇಲೆದ್ದು ಬಲಗಡೆ ನಿಂತಿದ್ದ ವಿಕ್ ವರ್ಟ್ಜ್ ಕೈಗೆ ಬಿತ್ತು. 6-0. ಬ್ಯಾಟ್ ಹಿಡಿದೂ ಬೋಬೋ ಎರಡು ಹಿಟ್ ಹೊಡೆದು ಮೂರು ರನ್ ತಂದಿದ್ದರು.

ಮೇಜರ್ ಲೀಗ್‌ನಲ್ಲಿ ಮೊದಲಿನಿಂದ ಎಸೆದ ಮೊದಲ ಪಂದ್ಯದಲ್ಲೇ ನೋ-ಹಿಟರ್. 1900ರ ನಂತರ ಅದನ್ನು ಮಾಡಿದ ಮೊದಲಿಗ ಅವರು. ಮತ್ತೊಬ್ಬ ಬರಲು 2021ರವರೆಗೆ ಕಾಯಬೇಕಾಯಿತು: ಅರಿಜೋನಾ ತಂಡದ ಟೈಲರ್ ಗಿಲ್ಬರ್ಟ್.

ಮುಂದಿನದು ಬರೆಯಲು ಮನಸ್ಸಿಗೆ ಕಷ್ಟವಾಗುತ್ತದೆ. ಬೋಬೋ ಮತ್ತೆ ಯಾವ ಪಂದ್ಯವನ್ನೂ ಕೊನೆಯವರೆಗೆ ಎಸೆಯಲಿಲ್ಲ. ಬ್ಯಾಟಿನಿಂದ ಮತ್ತೊಂದು ಹಿಟ್ ಬರಲಿಲ್ಲ. ಜುಲೈನಲ್ಲಿ ಅವರನ್ನು ಟೊರಾಂಟೊದ ಕಿರಿಯ ಲೀಗ್ ತಂಡಕ್ಕೆ ಮಾರಿಬಿಟ್ಟರು. ಮೇಜರ್ ಲೀಗ್ ಲೆಕ್ಕ ಮೂರು ಗೆಲುವು, ಏಳು ಸೋಲಿಗೆ ಮುಗಿಯಿತು. ಮರುವರ್ಷ ಬ್ರೌನ್ಸ್ ತಂಡವೇ ಊರು ಬಿಟ್ಟು ಬಾಲ್ಟಿಮೋರ್ ಸೇರಿ ಓರಿಯೋಲ್ಸ್ ಆಯಿತು.

ನನಗೆ ತಕ್ಷಣ ನೆನಪಾದದ್ದು ನರೇಂದ್ರ ಹಿರ್ವಾನಿ. 1988ರಲ್ಲಿ ಮದ್ರಾಸಿನಲ್ಲಿ, ಮೊದಲ ಟೆಸ್ಟ್‌ನಲ್ಲೇ ವೆಸ್ಟ್ ಇಂಡೀಸ್‌ನ 16 ವಿಕೆಟ್! ಆದರೆ ಅದೂ ಸೇರಿ ಆಡಿದ್ದು ಒಟ್ಟು 17 ಟೆಸ್ಟ್ ಅಷ್ಟೇ. ಅಜ್ಜನಿಗೆ ಈ ಕಥೆ ಹೇಳಿದೆ. ಕ್ರಿಕೆಟ್ ಅವರಿಗೆ ಸ್ವಲ್ಪವೂ ಗೊತ್ತಿಲ್ಲ, ಆದರೂ ಪೂರ್ತಿ ಕೇಳಿ, 'ಆ ಹುಡುಗ ಈಗ ಚೆನ್ನಾಗಿದ್ದಾನಾ?' ಅಂತ ವಿಚಾರಿಸಿದರು.

ಬೋಬೋದು ಬರೀ ಅದೃಷ್ಟ ಅನ್ನುವವರು ಇಲ್ಲಿ ಜಾಸ್ತಿ. ನಾನು ಒಪ್ಪುವುದಿಲ್ಲ. ಹೊಡೆತಗಳು ಫೀಲ್ಡರ್ ಕೈ ಸೇರಿದ್ದು ಅದೃಷ್ಟ ಇರಬಹುದು. ಆದರೆ ಮೂವತ್ತರ ವಯಸ್ಸಿನಲ್ಲಿ, ತನ್ನ ಮೇಲೆ ಬೇರೆ ಯಾರಿಗೂ ನಂಬಿಕೆ ಇಲ್ಲದಾಗ, 'ನನಗೆ ಚೆಂಡು ಕೊಡಿ' ಅಂತ ಮತ್ತೆ ಮತ್ತೆ ಕೇಳಿದ್ದು ಅವರೇ ಅಲ್ವಾ?

ಆ ಕ್ರೀಡಾಂಗಣ ಈಗಿಲ್ಲ, 1966ರಲ್ಲಿ ಕೆಡವಿದರು. ಗ್ರ್ಯಾಂಡ್ ಮತ್ತು ಡೋಡಿಯರ್ ರಸ್ತೆಗಳು ಸೇರುವ ಆ ಜಾಗದಲ್ಲಿ ಇವತ್ತು ಮಕ್ಕಳ ಕ್ಲಬ್ ಇದೆ, ಆಡಲು ಮೈದಾನವೂ ಇದೆ. ಹೋದ ತಿಂಗಳು ಅಜ್ಜನನ್ನು ಕಾರಿನಲ್ಲಿ ಕೂರಿಸಿಕೊಂಡು ಹೋಗಿದ್ದೆ. ಬೋಬೋ ಮೈದಾನಕ್ಕೆ ಇಳಿಯುವಾಗ ಗೆರೆಯ ಪಕ್ಕದ ಮಣ್ಣಿನಲ್ಲಿ ಹೆಂಡತಿ ಮತ್ತು ಮಗನ ಹೆಸರಿನ ಮೊದಲ ಅಕ್ಷರ ಗೀಚುತ್ತಿದ್ದರಂತೆ. ಅಜ್ಜ ಬೇಲಿ ಹಿಡಿದು ನಿಂತು, ಎಲ್ಲಿ ಗೀಚಿರಬಹುದು ಅಂತ ಕೋಲಿನಿಂದ ತೋರಿಸಿದರು. ಒಳಗೆ ನಾಲ್ಕೈದು ಹುಡುಗರು ಚೆಂಡು ಎಸೆದು ಆಡುತ್ತಿದ್ದರು. ಕತ್ತಲಾಗುವವರೆಗೆ ಇಬ್ಬರೂ ಅಲ್ಲೇ ನಿಂತಿದ್ದೆವು.