‘ಅದು ಪ್ರಚಾರದ ಸಿನಿಮಾ ಅಲ್ವಾ?’

ಹಳೆಯ ಡಾಕ್ಯುಮೆಂಟರಿಗಳ ಮಾತು ಬಂದರೆ ನಾನು ಬೆಲ್ಜಿಯಂನ ಐಸರ್ ಯಾತ್ರೆಯ ಮೂಕಿ ಚಿತ್ರಗಳನ್ನು ನೋಡಿ ಅನ್ನುತ್ತೇನೆ. ಮೊದಲ ಮಹಾಯುದ್ಧದಲ್ಲಿ ಸತ್ತ ಫ್ಲೆಮಿಶ್ ಸೈನಿಕರ, ಅಂದರೆ ಬೆಲ್ಜಿಯಂನ ಡಚ್ ಮಾತಾಡುವ ಫ್ಲಾಂಡರ್ಸ್ ಪ್ರದೇಶದವರ ನೆನಪಿಗೆ ಪ್ರತಿವರ್ಷ ನಡೆಯುತ್ತಿದ್ದ ಯಾತ್ರೆ ಅದು. ಆಗ ಎಲ್ಲರೂ ಕೇಳುವುದು ಒಂದೇ: “ಯಾತ್ರೆ ನಡೆಸಿದವರೇ ತೆಗೆದ ಚಿತ್ರ. ಅದು ಪ್ರಚಾರ ಅಲ್ವಾ?”

ಹೌದು, ಪ್ರಚಾರವೇ. ಅವನ್ನು ಮಾಡಿಸಿದ ಕ್ಲೆಮೆನ್ಸ್ ಡೆ ಲಾಂಡ್ಟ್‌ಶೇರ್ ಯಾತ್ರಾ ಸಮಿತಿಯ ಕಾರ್ಯದರ್ಶಿ. 1920ರ ದಶಕದ ಕೊನೆಯಲ್ಲಿ ‘ಫ್ಲಾಂಡ್ರಿಯಾ ಫಿಲ್ಮ್’ ಅನ್ನುವ ಚಿತ್ರಸಂಸ್ಥೆ ಕಟ್ಟಿದ ಅವರಿಗೆ ಒಂದು ನಿಲುವು ಇತ್ತು. ಅದನ್ನು ಅವರು ಮುಚ್ಚಿಡಲೂ ಇಲ್ಲ.

ಆದರೆ ಆ ನಿಲುವು ಹುಟ್ಟಿದ್ದು ಗೋರಿಕಲ್ಲುಗಳಿಂದ. ಮೊದಲ ಮಹಾಯುದ್ಧದಲ್ಲಿ ಐಸರ್ ನದಿಯ ದಂಡೆಯಲ್ಲಿ ಸತ್ತ ಫ್ಲೆಮಿಶ್ ಸೈನಿಕರ ಮೇಲಧಿಕಾರಿಗಳಲ್ಲಿ ಹೆಚ್ಚಿನವರು ಫ್ರೆಂಚ್ ಮಾತಾಡುವವರು. ಹುಡುಗರ ನೆನಪಾದರೂ ಅವರದೇ ಭಾಷೆಯಲ್ಲಿ ಉಳಿಯಲಿ ಅಂತ ಗೆಳೆಯರು ಬೇರೆ ಕಲ್ಲು ನೆಟ್ಟರು. ಅದರ ವಿನ್ಯಾಸ ಚಿತ್ರಕಾರ ಜೋ ಇಂಗ್ಲಿಷ್ ಅವರದು. ‘ಎಲ್ಲವೂ ಫ್ಲಾಂಡರ್ಸ್‌ಗಾಗಿ, ಫ್ಲಾಂಡರ್ಸ್ ಕ್ರಿಸ್ತನಿಗಾಗಿ’ ಅನ್ನುವ ಮಾತಿನ ಮೊದಲಕ್ಷರಗಳು ಅದರ ಮೇಲಿದ್ದವು. 1918ರಲ್ಲಿ ಒಂದು ರಾತ್ರಿ ಊರೆನ್ ಸ್ಮಶಾನದಲ್ಲಿ ಯಾರೋ ಆ ಅಕ್ಷರಗಳಿಗೆ ಸಿಮೆಂಟ್ ಮೆತ್ತಿದರು. 1925ರಲ್ಲಿ ಅಡಿಂಕೆರ್ಕೆಯಲ್ಲಿ ಇಂಥ ನೂರಾರು ಕಲ್ಲುಗಳನ್ನು ಪುಡಿಮಾಡಿ ರಸ್ತೆಗೆ ಜಲ್ಲಿ ಹಾಕಿದರು. ಮಗನ ಗೋರಿಕಲ್ಲಿನ ಮೇಲೆ ಗಾಡಿ ಓಡುವುದನ್ನು ಯೋಚಿಸಿ.

ಯಾತ್ರೆ ಶುರುವಾದದ್ದು 1920ರಲ್ಲಿ, ಸ್ಟೇನ್‌ಕೆರ್ಕೆಯ ಜೋ ಇಂಗ್ಲಿಷ್ ಸಮಾಧಿಯ ಬಳಿ. ಆಮೇಲೆ ಅದು ಡಿಕ್ಸ್‌ಮೌಡೆಗೆ ಬಂತು. ಅಲ್ಲಿ 1930ರಲ್ಲಿ ನಿಂತ ಸ್ಮಾರಕ ಗೋಪುರದ ಮೇಲೆ ‘ಇನ್ನೆಂದೂ ಯುದ್ಧ ಬೇಡ’ ಅಂತ ನಾಲ್ಕು ಭಾಷೆಗಳಲ್ಲಿ ಬರೆದರು.

ಈ ಚಿತ್ರಗಳನ್ನು ನೋಡುವಾಗ ನನ್ನ ಕಣ್ಣು ಜಾಸ್ತಿ ಹೋಗುವುದು ಧ್ವಜಗಳ ಕಡೆಗಲ್ಲ, ಗುಂಪಿನ ಕಡೆಗೆ. ಅವರೆಲ್ಲ ಒಂದೇ ಕಾರಣಕ್ಕೆ ಬಂದವರು ಅಂತ ನನಗನ್ನಿಸುವುದಿಲ್ಲ. ಯಾರಿಗೋ ಶೋಕ, ಯಾರಿಗೋ ರಾಜಕೀಯ, ಎಷ್ಟೋ ಜನರಿಗೆ ಎರಡೂ. ನಿರ್ದೇಶಕರ ಉದ್ದೇಶ ಏನೇ ಇರಲಿ, ಕ್ಯಾಮೆರಾ ಎದುರು ಬಂದವರನ್ನೆಲ್ಲ ಸುಮ್ನೆ ಹಿಡಿದಿಟ್ಟಿದೆ. ಅದಕ್ಕೇ ಇದನ್ನು ಡಾಕ್ಯುಮೆಂಟರಿ ಅನ್ನುತ್ತೇನೆ.

ಮುಂದೆ ಎರಡನೇ ಮಹಾಯುದ್ಧದಲ್ಲಿ ಫ್ಲೆಮಿಶ್ ಜನರ ಭಾಷೆ, ಹಕ್ಕುಗಳಿಗಾಗಿ ನಡೆದ ಚಳವಳಿಯ ಒಂದು ಪಾಲು ಜರ್ಮನರ ಜೊತೆ ಸೇರಿತು. ಅದು ಗೊತ್ತಿದ್ದೇ ಈ ಚಿತ್ರಗಳನ್ನು ನೋಡಬೇಕು, ಮರೆತು ನೋಡಿದರೆ ತಪ್ಪಾಗುತ್ತದೆ. 1946ರ ಮಾರ್ಚ್‌ನಲ್ಲಿ ಗೋಪುರವನ್ನು ಸ್ಫೋಟಕ ಇಟ್ಟು ಕೆಡವಿದರು. ಅಲ್ಲಿ ಈಗಿರುವುದು 1965ರಲ್ಲಿ ಮುಗಿದ 84 ಮೀಟರ್ ಎತ್ತರದ ಹೊಸ ಗೋಪುರ. ಅಲ್ಲಿಗೆ ಹೋಗುವ ಮುಂಚೆ ಈ ಚಿತ್ರಗಳನ್ನು ನೋಡಿಕೊಂಡು ಹೋಗಿ.