ತೀನವ್ವನ ಸೊಂಟ

ಅಜ್ಜಿಗೆ ಫ್ರೆಂಚ್ ಬಾರದು, ಉಪಶೀರ್ಷಿಕೆಯ ಇಂಗ್ಲಿಷೂ ಬಾರದು. ಹಾಗಾಗಿ ಆ ಮಧ್ಯಾಹ್ನ ಮಂಡ್ಯದ ಹತ್ತಿರದ ನಮ್ಮ ಹಳ್ಳಿಯ ಮನೆಯಲ್ಲಿ ಲ್ಯಾಪ್‌ಟಾಪ್ ಇಟ್ಟುಕೊಂಡು ನಾನೇ ಒಂದೊಂದು ಸಾಲನ್ನೂ ಕನ್ನಡದಲ್ಲಿ ಹೇಳುತ್ತಾ ಹೋದೆ. ಚಿತ್ರ ‘ರೂ ಕಾಸ್ ನೆಗ್ರ್’. ಕೆರಿಬಿಯನ್ ದ್ವೀಪ ಮಾರ್ಟಿನಿಕ್‌ನವರೇ ಆದ ಯೂಜಾನ್ ಪಾಲ್ಸಿ ನಿರ್ದೇಶಿಸಿ 1983ರಲ್ಲಿ ತೆರೆಗೆ ಬಂದದ್ದು. 1930ರ ದಶಕದ ಕಬ್ಬಿನ ತೋಟ, ಅಲ್ಲಿ ಕೂಲಿ ಮಾಡುವ ಮುದುಕಿ, ಅವಳ ಮೊಮ್ಮಗ ಜೋಸೆ. ಹುಡುಗ ಅವಳನ್ನು ಕರೆಯುವುದು ‘ಮಮಾಂ ತೀನ್’ ಎಂದು. ಮಮಾಂ ಎಂದರೆ ಅಮ್ಮ. ಅಜ್ಜಿಯನ್ನು ಅಮ್ಮ ಎನ್ನುವುದನ್ನು ಹೇಗೆ ಹೇಳಲಿ ಎಂದು ನಾನು ತಡವರಿಸಿದಾಗ ನಮ್ಮಜ್ಜಿಯೇ, “ತೀನವ್ವ ಅನ್ನು” ಎಂದಳು.

ಅಲ್ಲಿಂದ ಮುಂದೆ ಅವಳು ತೀನವ್ವನೇ.

ನಮ್ಮಜ್ಜಿ ಮೂವತ್ತು ವರ್ಷ ಕಬ್ಬಿನ ಗದ್ದೆಯಲ್ಲಿ ದುಡಿದವಳು. ಸೋಗೆ ಕೊಯ್ದ ಗೆರೆಗಳು ಮುಂಗೈಯಲ್ಲಿ ಇಂದಿಗೂ ಇವೆ. ಪರದೆಯ ಮೇಲೆ ಕೂಲಿಗಳ ಹೆಸರು ಕೂಗಿ ಅಂಗೈಗೆ ಚಿಲ್ಲರೆ ಹಾಕುವಾಗ ನಾನು ಬಾಯಿ ತೆರೆಯುವ ಮೊದಲೇ, “ಬಟವಾಡೆ” ಎಂದಳು. ಜೋಸೆಯನ್ನು ಗದ್ದೆಗೆ ಇಳಿಸುವುದಿಲ್ಲ, ಓದಿಸುತ್ತೇನೆ ಎಂದು ತೀನವ್ವ ಹಟ ಹಿಡಿದಾಗ ಸೆರಗಿನಿಂದ ಕಣ್ಣೊರೆಸಿಕೊಂಡಳು.

ನಡುವೆ ಚಿತ್ರ ನಿಲ್ಲಿಸಿ ನಾನು ತೀನವ್ವನ ಪಾತ್ರ ಮಾಡಿದ ನಟಿಯ ಕಥೆ ಹೇಳಿದೆ. ಡಾರ್ಲಿಂಗ್ ಲೆಜಿಟಿಮ್ಯೂಸ್ 1907ರಲ್ಲಿ ಮಾರ್ಟಿನಿಕ್‌ನಲ್ಲಿ ಹುಟ್ಟಿದವರು. ಹದಿನಾರಕ್ಕೇ ಪ್ಯಾರಿಸ್ ಸೇರಿದರು. ಅಮೆರಿಕದ ಕಪ್ಪು ನರ್ತಕಿ ಜೋಸೆಫೀನ್ ಬೇಕರ್ ಹೆಸರು ಮಾಡಿದ 1925ರ ರಂಗಪ್ರದರ್ಶನದಲ್ಲಿ ಕುಣಿದರು. ನಾಟಕ, ಹಾಡು, ಸಿನಿಮಾ ಎಲ್ಲವನ್ನೂ ಮಾಡಿದರು. ಆದರೆ ಕಪ್ಪು ಹೆಂಗಸಿಗೆ ಫ್ರೆಂಚ್ ಸಿನಿಮಾ ಕೊಟ್ಟದ್ದೆಲ್ಲ ಚಿಲ್ಲರೆ ಪಾತ್ರಗಳು. ಹಾಲಿವುಡ್ ನಟ ಮರ್ಲಾನ್ ಬ್ರಾಂಡೋ ನಟಿಸಿದ, 1972ರಲ್ಲಿ ಜಗತ್ತೆಲ್ಲ ಮಾತಾಡಿಕೊಂಡ ಚಿತ್ರವೊಂದರಲ್ಲೂ ಅವರು ಇದ್ದಾರೆ, ಮನೆ ಕಾಯುವವಳಾಗಿ. ಅಂಥ ಕಲಾವಿದೆಯನ್ನು ಬಾಗಿಲ ಬಳಿಯೇ ಅಷ್ಟು ವರ್ಷ ನಿಲ್ಲಿಸಿದ್ದು ನೆನೆದರೆ ನನಗೆ ಈಗಲೂ ಹೊಟ್ಟೆ ಉರಿಯುತ್ತದೆ. ಅವರನ್ನು ಕಥೆಯ ನಡುವೆ ಕೂರಿಸಲು ಅವರದೇ ದ್ವೀಪದ, ಇಪ್ಪತ್ತರ ಹರೆಯದ ಹೆಣ್ಣುಮಗಳು ಪಾಲ್ಸಿ ತನ್ನ ಮೊದಲ ಕಥಾಚಿತ್ರವಾಗಿ ಇದನ್ನು ಮಾಡಬೇಕಾಯಿತು. ಚಿತ್ರ ಬಂದ 1983ರಲ್ಲೇ ವೆನಿಸ್ ಚಲನಚಿತ್ರೋತ್ಸವದಲ್ಲಿ ಅತ್ಯುತ್ತಮ ನಟಿ ಪ್ರಶಸ್ತಿ ಲೆಜಿಟಿಮ್ಯೂಸ್ ಅವರಿಗೆ ಬಂತು. ಆಗ ಅವರಿಗೆ ವಯಸ್ಸು 75.

ಅಜ್ಜಿ ಇಷ್ಟನ್ನೂ ಕೇಳಿಸಿಕೊಂಡು ತಲೆ ಅಲ್ಲಾಡಿಸಿದಳು. ಪ್ರಶಸ್ತಿಯ ಮಾತು ಅವಳಿಗೆ ಹಿಡಿಸಿತು. ಪ್ಯಾರಿಸ್‌ನ ಮಾತನ್ನು ಮಾತ್ರ ನಂಬಲಿಲ್ಲ.

“ಪೇಟೆಯಲ್ಲಿ ಕುಣಿದವಳೇ ಇವಳು? ಸುಳ್ಳು. ಏಳುವಾಗ ನೋಡು, ಮೊದಲು ಮಂಡಿಗೆ ಕೈ ಕೊಡುತ್ತಾಳೆ, ಆಮೇಲೆ ಸೊಂಟಕ್ಕೆ. ಆಮೇಲೂ ಪೂರ್ತಿ ನೆಟ್ಟಗಾಗುವುದಿಲ್ಲ. ಹೊರೆ ಹೊತ್ತವರಿಗೆ ಗೊತ್ತು ಅದು.”

ನಾನು ಆ ಚಿತ್ರವನ್ನು ಅದಕ್ಕೂ ಮೊದಲು ಎರಡು ಸಲ ನೋಡಿದ್ದೆ. ಮುಖ ನೋಡಿದ್ದೆ, ಕಣ್ಣು ನೋಡಿದ್ದೆ, ಪೈಪು ಕಚ್ಚಿದ ತುಟಿ ನೋಡಿದ್ದೆ. ಸೊಂಟ ನೋಡಿರಲಿಲ್ಲ. ಹದಿನಾರರಲ್ಲಿ ಊರು ಬಿಟ್ಟ ಹುಡುಗಿ ತನ್ನ ಊರಿನ ಕೂಲಿ ಹೆಂಗಸರು ಏಳುವ, ಕೂರುವ ರೀತಿಯನ್ನು ಯಾವ ಮೂಲೆಯಲ್ಲಿ ಅಷ್ಟು ಜೋಪಾನವಾಗಿ ಇಟ್ಟುಕೊಂಡಿದ್ದರೋ.

“ಇನ್ನೊಂದು ಸಲ ಹಾಕು, ಅವಳು ಏಳುವುದನ್ನು” ಎಂದಳು ಅಜ್ಜಿ. ಹಿಂದಕ್ಕೆ ಸರಿಸಿ ಹಾಕಿದೆ. ಸಾಲು ಓದಲು ಹೊರಟ ನನಗೆ ಸುಮ್ಮನಿರು ಎಂದು ಕೈಸನ್ನೆ ಮಾಡಿ, ಪರದೆಯ ಹತ್ತಿರಕ್ಕೆ ಬಾಗಿದಳು.